ಬೆಳಕಿನ ಕೋಣೆಗಳು ಮತ್ತು ಅಜ್ಜಿಯ ಕಣ್ಣು

ಈ ಸಲದ ಸಂಚಿಕೆಗೆ ‘2075ರ ಕಲೆ’ ಅಂತ ಏನಾದ್ರೂ ಬರಿ ಅಂದ್ರು. ನಾನು ಒಂದು ಚಳವಳಿಯನ್ನೇ ಕಲ್ಪಿಸಿಕೊಂಡೆ. ಅದರ ಕಲಾವಿದರ ಹತ್ರ ಬಣ್ಣ, ಕುಂಚ ಏನೂ ಇರಲ್ಲ, ಬರೀ ಬೆಳಕು. ಒಂದು ಕೋಣೆಯಲ್ಲಿ ಬಣ್ಣಗಳೇ ಮಾಯ. ಇನ್ನೊಂದರಲ್ಲಿ ಗೋಡೆ ಎಲ್ಲಿ ಮುಗಿಯಿತು ಅಂತಲೇ ಗೊತ್ತಾಗಲ್ಲ. ಮೂರನೆಯದರಲ್ಲಿ ಲೋಕ ತಲೆಕೆಳಗು. ಒಳಗೆ ಹೋದವರು ಬೇರೆ ಕಣ್ಣು ಇಟ್ಟುಕೊಂಡು ಹೊರಗೆ ಬರ್ತಾರೆ. ಸಖತ್ತಾಗಿದೆ ಅನ್ನಿಸಿತು. ಆಮೇಲೆ ಹುಡುಕುತ್ತಾ ಹೋದ್ರೆ, ಈ ಕೋಣೆಗಳೆಲ್ಲ ಆಗಲೇ ಈ ಭೂಮಿ ಮೇಲೆ ಇವೆ!

ಬಣ್ಣ ಮಾಯವಾಗುವ ಕೋಣೆಯನ್ನು ಓಲಾಫುರ್ ಎಲಿಯಾಸನ್ ಎಂಬ ಕಲಾವಿದ 1997ರಲ್ಲೇ ಮಾಡಿದ್ದಾರೆ. ಟ್ರಿಕ್ ಸರಳ. ಫಸ್ಟ್ ಇಯರ್ ಫಿಸಿಕ್ಸ್ ಲ್ಯಾಬಿನ ಸೋಡಿಯಂ ದೀಪ ನೆನಪಿದೆಯಲ್ಲ? ಅದರ ಬೆಳಕು ಸುಮಾರು 589 ನ್ಯಾನೋಮೀಟರ್ ಸುತ್ತಲೇ ಇರುತ್ತೆ. ಬೇರೆ ತರಂಗಾಂತರವೇ ಇಲ್ಲ ಅಂದಮೇಲೆ ಬೇರೆ ಬಣ್ಣ ಎಲ್ಲಿಂದ ಬರಬೇಕು? ಆ ಕೋಣೆಯಲ್ಲಿ ಆರ್‌ಸಿಬಿಯ ಕೆಂಪು ಜೆರ್ಸಿ ಬೂದಿ ಬೂದಿ. ಸಿಎಸ್‌ಕೆ ಹಳದಿ ಮಾತ್ರ ಹೊಳೆಯುತ್ತೆ. ಬೇಜಾರು, ಆದರೆ ಫಿಸಿಕ್ಸ್ ಯಾರ ಫ್ಯಾನೂ ಅಲ್ಲ.

ಎರಡನೆಯ ಕೋಣೆ ಅಮೆರಿಕದ ಜೇಮ್ಸ್ ಟರೆಲ್ ಅವರದು. ಕಾಲೇಜಿನಲ್ಲಿ ಅವರು ಓದಿದ್ದು ಗ್ರಹಿಕೆಯ ಮನೋವಿಜ್ಞಾನ. ಮೂಲೆ, ಅಂಚು, ನೆರಳು ಒಂದೂ ಕಾಣದಂತೆ ಒಂದೇ ಸಮನಾದ ಬೆಳಕು ತುಂಬಿಸಿಬಿಡ್ತಾರೆ. ದೂರ ಅಳೆಯೋಕೆ ಕಣ್ಣಿಗೆ ಗುರುತೇ ಇಲ್ಲ. ಗೋಡೆ ಇದೆ ಅಂತ ಕೈ ಚಾಚಿದರೆ ಗಾಳಿ.

ಮೂರನೆಯದಕ್ಕೆ ವೀಸಾ ಬೇಡ, ಹೊಸಪೇಟೆ ಬಸ್ಸು ಸಾಕು. ಹಂಪಿಯ ವಿರೂಪಾಕ್ಷ ದೇವಸ್ಥಾನದ ಹಿಂಭಾಗದಲ್ಲಿ ಒಂದು ಕತ್ತಲೆ ಕೋಣೆ ಇದೆ. ಗೋಡೆಯ ಸಣ್ಣ ಕಿಂಡಿಯಿಂದ ಬರುವ ಬೆಳಕು ಎದುರು ಗೋಡೆ ಮೇಲೆ ರಾಜಗೋಪುರವನ್ನು ತಲೆಕೆಳಗಾಗಿ ಬಿಡಿಸುತ್ತೆ. ಲೆನ್ಸೂ ಇಲ್ಲ, ಕರೆಂಟೂ ಇಲ್ಲ.

ಇನ್ನು ನಮ್ಮ ತೊಗಲು ಗೊಂಬೆಯಾಟ. ಚರ್ಮವನ್ನು ಬೆಳಕು ಹಾಯುವಷ್ಟು ತೆಳುವಾಗಿ ಹದ ಮಾಡಿ, ಬಣ್ಣ ಹಾಕಿ, ಬಿಳಿ ಪರದೆಯ ಹಿಂದೆ ದೀಪದ ಮುಂದೆ ಹಿಡೀತಾರೆ. ಬೀಳೋದು ಕಪ್ಪು ನೆರಳಲ್ಲ, ಬಣ್ಣದ ನೆರಳು. ಕೊಪ್ಪಳ ಜಿಲ್ಲೆ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ ಈ ಕಲೆಗಾಗಿ 2025ರಲ್ಲಿ ಪದ್ಮಶ್ರೀ ಬಂದಾಗ ಅವರಿಗೆ ತೊಂಬತ್ತು ದಾಟಿತ್ತು. ನಮ್ಮ ‘ಭವಿಷ್ಯದ ಕಲೆ’ಯ ಹಿರಿಯ ಕಲಾವಿದೆ ಅವರೇ ಅನ್ನಬಹುದು.

ಹಾಗಾದ್ರೆ 2075ಕ್ಕೆ ಅಂತ ಹೊಸದೇನು ಉಳೀತು? ಅದಕ್ಕೆ ಉತ್ತರ ನನಗೆ ಸಿಕ್ಕಿದ್ದು ಯಾವ ಮ್ಯೂಸಿಯಂನಲ್ಲೂ ಅಲ್ಲ, ಗಾಜನೂರಿನಲ್ಲಿ.

ಶಿವಮೊಗ್ಗದಿಂದ ತೀರ್ಥಹಳ್ಳಿ ರಸ್ತೆ ಹಿಡಿದರೆ ಸಿಗುವ ಊರು. ತುಂಗಾ ಡ್ಯಾಮಿನ ಊರು ಅಂದ್ರೆ ಎಲ್ಲರಿಗೂ ಗೊತ್ತಾಗುತ್ತೆ. ಅಲ್ಲಿ ನನ್ನ ಅಜ್ಜಿ ಇದ್ದಾರೆ. ಹೋದ ವರ್ಷ ಅವರ ಕಣ್ಣಿನ ಪೊರೆ ತೆಗೆಸಿದೆವು. ಪೊರೆ ಬೆಳೆದ ಹಾಗೆ ಕಣ್ಣಿನ ಮಸೂರ ಹಳದಿ, ಕಂದು ಆಗ್ತಾ ಹೋಗುತ್ತೆ, ನೀಲಿ ಬೆಳಕನ್ನು ತಡೆಯುತ್ತೆ. ಆದರೆ ಇದು ಎಷ್ಟು ನಿಧಾನ ಅಂದ್ರೆ ಮೆದುಳು ಅದಕ್ಕೇ ಹೊಂದಿಕೊಂಡುಬಿಡುತ್ತೆ. ಚಿತ್ರಕಾರ ಮೋನೆಗೂ ಪೊರೆ ಬಂದಿತ್ತು, 1923ರಲ್ಲಿ ಆಪರೇಷನ್ ಆಯಿತು. ಆಮೇಲೆ ಬಣ್ಣಗಳೆಲ್ಲ ಬೇರೆ ಥರ ಕಾಣ್ತಾವೆ ಅಂತ ಅವರಿಗೆ ಒಂದೇ ಗೋಳು. ಅಂದ್ರೆ ನನ್ನ ಅಜ್ಜಿ ಯಾವ ಕಲಾವಿದನ ಸಹಾಯವೂ ಇಲ್ಲದೆ ಎಷ್ಟೋ ವರ್ಷ ಒಂದು ಹಳದಿ ಕೋಣೆಯೊಳಗೆ ಇದ್ದರು, ಕೋಣೆ ಅಂತ ಗೊತ್ತಿಲ್ಲದೆ.

ಪಟ್ಟಿ ಬಿಚ್ಚಿ ಮನೆಗೆ ಬಂದ ದಿನ ಮೊದಲ ಮಾತು, “ಗೋಡೆಗೆ ಯಾವಾಗ ಸುಣ್ಣ ಹೊಡೆಸಿದ್ರಿ?” ಯಾರೂ ಹೊಡೆಸಿರಲಿಲ್ಲ. ಹಿನ್ನೀರಿನ ಕಡೆ ನೋಡಿ, “ನೀರು ಇಷ್ಟು ನೀಲಿ ಇತ್ತೇನೋ ಮಾರಾಯ” ಅಂದ್ರು. ನಾವೆಲ್ಲ ನಕ್ಕೆವು. ಸಂಜೆ ಅಮ್ಮ ಕಾಫಿ ತಂದುಕೊಟ್ಟರು. ಅಜ್ಜಿ ಲೋಟ ಹಿಡಿದುಕೊಂಡು ಅಮ್ಮನ ಮುಖವನ್ನೇ ತುಂಬಾ ಹೊತ್ತು ನೋಡಿದರು. “ನೀನು ಯಾವಾಗ ಇಷ್ಟು ಸೊರಗಿದ್ದೇ?” ಅಮ್ಮ ಏನೋ ಹೇಳಿ ಒಳಗೆ ಹೋದರು. ಸ್ವಲ್ಪ ಹೊತ್ತು ಹೊರಗೆ ಬರಲಿಲ್ಲ.

ಮುಂದಿನ ವಾರದಿಂದ ಬೆಳಗಿನ ಕಾಫಿ ಅಜ್ಜಿಯದು. ಕಣ್ಣಿಗೆ ಡ್ರಾಪ್ಸ್ ಅವರೇ ಹಾಕಿಕೊಳ್ತಾರೆ. ಅಮ್ಮ ಈಗ ಆರೂವರೆ ತನಕ ಮಲಗ್ತಾರೆ. ಒಂದು ಮಸೂರ ಬದಲಾಗಿದ್ದಕ್ಕೆ ಒಂದು ಮನೆಯ ಕೆಲಸದ ಪಟ್ಟಿಯೇ ಬದಲಾಯಿತು.

ಬೆಳಕಿನಿಂದ ನೋಟ ಬದಲಿಸೋದು ಅಂದ್ರೆ ನನಗೆ ಈಗ ಇದೇ. ದೀಪ, ಪರದೆ, ಪ್ರೊಜೆಕ್ಟರ್ ಎಲ್ಲ ಅರ್ಧ ಸರ್ಕ್ಯೂಟ್. ಉಳಿದರ್ಧ ನೋಡುವವರ ತಲೆಯೊಳಗೆ. ಅದು ಪೂರ್ತಿ ಆಯ್ತಾ ಅಂತ ಗೊತ್ತಾಗೋದು ಕೋಣೆಯೊಳಗೆ ‘ವಾವ್’ ಅಂದಾಗ ಅಲ್ಲ. ಹೊರಗೆ ಬಂದಮೇಲೆ ಯಾರ ಮುಖ ಕಂಡಿತು, ಆಮೇಲೆ ಏನು ಮಾಡಿದೆವು ಅನ್ನೋದರಲ್ಲಿ.

ಬೇಕಾದ್ರೆ ಇವತ್ತೇ ಒಂದು ಪ್ರಯೋಗ ಮಾಡಿ. ಸೂರ್ಯ ಮುಳುಗಿದ ಮೇಲೆ ಕ್ಯಾಂಪಸ್ಸಿನಲ್ಲಿ ದೀಪವಿಲ್ಲದ ಕಡೆ ಒಂದು ಕೆಂಪು ದಾಸವಾಳದ ಗಿಡ ಹುಡುಕಿ. ಫೋನ್ ಜೇಬಲ್ಲೇ ಇರಲಿ, ಅದರ ಬೆಳಕು ಬಿದ್ದರೆ ಕಣ್ಣು ಕತ್ತಲಿಗೆ ಹೊಂದಿಕೊಂಡಿದ್ದೆಲ್ಲ ವ್ಯರ್ಥ. ಕತ್ತಲಾದಂತೆ ಹೂವು ಕಪ್ಪಾಗುತ್ತೆ, ಎಲೆ ಅದಕ್ಕಿಂತ ಬೆಳ್ಳಗೆ ಕಾಣುತ್ತೆ. ಪುರ್ಕಿನ್ಯೆ ಪರಿಣಾಮ ಅಂತಾರೆ ಇದಕ್ಕೆ. ಮಂದ ಬೆಳಕಿನಲ್ಲಿ ಕೆಲಸಕ್ಕೆ ಬರುವ ರಾಡ್ ಕೋಶಗಳಿಗೆ ಕೆಂಪು ಹೆಚ್ಚುಕಮ್ಮಿ ಕಾಣೋದೇ ಇಲ್ಲ. ಕಣ್ಣು ಪೂರ್ತಿ ಹೊಂದಿಕೊಳ್ಳೋಕೆ ಸುಮಾರು ಅರ್ಧ ಗಂಟೆ ಬೇಕು.

ಅಷ್ಟು ಹೊತ್ತು ಒಬ್ಬರೇ ನಿಲ್ಲೋದು ಬೋರು. ಈ ಸೆಮಿಸ್ಟರಿನಲ್ಲಿ ಸ್ವಲ್ಪ ಸಪ್ಪಗಿರೋ ರೂಮ್‌ಮೇಟ್ ಯಾರಾದ್ರೂ ಇದ್ದರೆ ಜೊತೆಗೆ ಕರ್ಕೊಂಡು ಹೋಗಿ.