ಹರಿಪುರದಿಂದ ಮಿರಜಿಗೆ ಒಂದು ದಿನದ ಪಯಣ

ಕೃಷ್ಣೆಯೂ ವಾರಣೆಯೂ ಕೂಡುವ ಸ್ಥಳದಲ್ಲಿ ಹರಿಪುರವಿದೆ. ಸಾಂಗಲಿಯ ಗದ್ದಲದಿಂದ ಒಂದು ಹರಿದಾರಿಯೊಳಗಿನ ಈ ಊರಿಗೆ ನನ್ನ ಅಕ್ಕನನ್ನು ಕೊಟ್ಟು ನಾಲ್ಕು ದಶಕಗಳು ಸಂದಿವೆ. ಸಂಗಮೇಶ್ವರನ ಗುಡಿಯ ಮೆಟ್ಟಿಲುಗಳ ಮೇಲೆ ಕುಳಿತು ಎರಡು ನೀರು ಒಂದಾಗುವುದನ್ನು ನೋಡುತ್ತಿದ್ದರೆ ಹೊತ್ತು ಹೋದದ್ದು ತಿಳಿಯುವುದಿಲ್ಲ. ಆದರೆ ಈ ಸಲ ನಾನು ಸಂಗಮವನ್ನು ನೋಡಲೆಂದು ಬಂದವನಲ್ಲ. ಜತ್ತ ತಾಲೂಕಿನ ನಮ್ಮ ಹಳ್ಳಿಯಿಂದ ಕೌದಿಯಲ್ಲಿ ಸುತ್ತಿದ ಒಂದು ಹೊರೆಯನ್ನು ಬಸ್ಸಿನಲ್ಲಿ ತೊಡೆಯ ಮೇಲೆ ಇಟ್ಟುಕೊಂಡೇ ತಂದಿದ್ದೆ. ಅದು ನಮ್ಮ ತೀರ್ಥರೂಪರ ತಂಬೂರಿ. ಬುರುಡೆ ಸೀಳಿತ್ತು. ಅದನ್ನು ಮಿರಜಿನಲ್ಲಿ ದುರಸ್ತಿ ಮಾಡಿಸಬೇಕೆಂಬುದೇ ನನ್ನ ಯಾತ್ರೆಯ ಉದ್ದೇಶ.

ಹರಿಪುರವನ್ನು ಬಿಡುವ ಮುನ್ನ ಅದರ ಹಗೇವುಗಳ ಬಗ್ಗೆ ಎರಡು ಮಾತು ಹೇಳಲೇಬೇಕು. ನಮ್ಮ ಹಿರಿಯರು ಜೋಳವನ್ನು ಹಗೇವಿನಲ್ಲಿ ತುಂಬಿಡುತ್ತಿದ್ದಂತೆ ಇಲ್ಲಿಯವರು ಅರಿಸಿನವನ್ನು ನೆಲದೊಳಗೆ ತುಂಬಿಡುತ್ತಿದ್ದರು. ಮರಾಠಿಯಲ್ಲಿ ಇವಕ್ಕೆ ಪೇವ ಎಂದು ಹೆಸರು. ಇಪ್ಪತ್ತಡಿಗೂ ಮಿಕ್ಕಿದ ಆಳ, ಕಿರಿದಾದ ಬಾಯಿ. ಇಲ್ಲಿಯ ಮಣ್ಣಿನ ಗುಣದಿಂದ ಒಳಗಿಟ್ಟ ಅರಿಸಿನ ವರ್ಷಗಟ್ಟಲೆ ಹುಳು ಹಿಡಿಯದೆ ಉಳಿಯುತ್ತಿತ್ತು. ಬಾಯಿ ತೆರೆದಾಗ ಮೊದಲು ಕಂದೀಲು ಇಳಿಬಿಟ್ಟು, ದೀಪ ಆರದಿದ್ದರೆ ಮಾತ್ರ ಆಳು ಇಳಿಯುವ ಪದ್ಧತಿ. 2005ರ ಮಹಾಪೂರದಲ್ಲಿ ನೀರು ನುಗ್ಗಿ ಎಷ್ಟೋ ಹಗೇವುಗಳು ಹಾಳಾದವು. ಸಾಂಗಲಿಯ ಅರಿಸಿನಕ್ಕೆ 2018ರಲ್ಲಿ ಭೌಗೋಳಿಕ ಸೂಚಕದ ಮಾನ್ಯತೆ ಸಿಕ್ಕಿತು.

‘ಸಂಗೀತ ಶಾರದಾ’ ನಾಟಕವನ್ನು ಬರೆದ ಗೋವಿಂದ ಬಲ್ಲಾಳ ದೇವಲರು 1855ರಲ್ಲಿ ಹುಟ್ಟಿದ್ದು ಈ ಹರಿಪುರದಲ್ಲಿಯೇ. ಹಣದ ಆಸೆಗೆ ಎಳೆಯ ಹುಡುಗಿಯನ್ನು ಮುದುಕನಿಗೆ ಕೊಡಹೊರಟ ತಂದೆಯ ಕಥೆ ಅದು. ದೇವಲರ ಗುರುಗಳಾದ ಅಣ್ಣಾಸಾಹೇಬ ಕಿರ್ಲೋಸ್ಕರರು ನಮ್ಮ ಬೆಳಗಾವಿ ಸೀಮೆಯ ಗುರ್ಲಹೊಸೂರಿನವರು. ಸಾಂಗಲಿಯಲ್ಲಿ 1843ರಲ್ಲಿ ವಿಷ್ಣುದಾಸ ಭಾವೆಯವರು ‘ಸೀತಾ ಸ್ವಯಂವರ’ವನ್ನು ಆಡಿಸಿದುದಕ್ಕೂ, ಅದರ ಹಿಂದಿನ ವರ್ಷ ಉತ್ತರ ಕನ್ನಡದ ಕರ್ಕಿಯಿಂದ ಬಂದು ಆಡಿದ ಭಾಗವತ ಮೇಳವೇ ಪ್ರೇರಣೆ. ನಮ್ಮ ಮಕ್ಕಳಿಗೆ ಈ ಸಂಗತಿಗಳನ್ನು ಎರಡೂ ಕಡೆಯ ಪಠ್ಯಪುಸ್ತಕಗಳು ಹೇಳಿಕೊಡುವುದಿಲ್ಲ. ಇರಲಿ.

ಬೆಳಗಿನ ಬಸ್ಸು ಹಿಡಿದು ಸಾಂಗಲಿಗೆ ಬಂದು, ಅಲ್ಲಿಂದ ಇನ್ನೊಂದು ಬಸ್ಸಿನಲ್ಲಿ ಮಿರಜಿಗೆ ಹೊರಟೆ. 1998ರಿಂದ ಸಾಂಗಲಿ, ಮಿರಜ, ಕುಪವಾಡಗಳಿಗೆ ಒಂದೇ ಮಹಾನಗರಪಾಲಿಕೆಯಾಗಿದ್ದು, ಒಂದೂರು ಮುಗಿದು ಇನ್ನೊಂದೂರು ಹತ್ತಿದ್ದು ಹೊಸಬರಿಗೆ ತಿಳಿಯದು. ಗಡಿಯ ಕನ್ನಡಿಗರ ಬಾಯಲ್ಲಿ ಮಿರಜ ಎಂದರೆ ಮೊದಲು ಆಸ್ಪತ್ರೆ, ಆಮೇಲೆ ರೈಲಿನ ಜಂಕ್ಷನ್. 1894ರಲ್ಲಿ ಡಾಕ್ಟರ್ ವಾನ್ಲೆಸ್ ಅವರು ಇಲ್ಲಿ ಮಿಶನ್ ಆಸ್ಪತ್ರೆಯನ್ನು ತೆರೆದಂದಿನಿಂದ ನಮ್ಮ ಜನ ಬುತ್ತಿ ಕಟ್ಟಿಕೊಂಡು ಈ ಊರಿಗೆ ನಡೆದುಕೊಂಡಿದ್ದಾರೆ. ನಾನೂ ಎಷ್ಟೋ ಸಲ ಮಿರಜಿಗೆ ಬಂದಿದ್ದೆ, ಪ್ರತಿಸಲವೂ ಯಾರದೋ ಕಾಯಿಲೆಗಾಗಿ. ಸಿತಾರ ಮಾಡುವವರ ಓಣಿಯನ್ನು ಹೊಕ್ಕದ್ದು ಇದೇ ಮೊದಲು.

ಓಣಿಯ ಅಂಗಡಿಗಳಲ್ಲಿ ಮೊದಲು ಕಣ್ಣಿಗೆ ಬೀಳುವುದು ಬುರುಡೆಗಳು. ಅಟ್ಟದ ತುಂಬ, ಗೋಡೆಯ ತುಂಬ ಒಣಗಿದ ಬುರುಡೆಗಳೇ. ಕೆಲವು ಒಬ್ಬಾಳು ತಬ್ಬಿ ಹಿಡಿಯುವಷ್ಟು ದೊಡ್ಡವು. ಇವು ಅಡುಗೆಗೆ ಬಾರದ ಕಹಿ ಜಾತಿಯವು. ಮಂಗಳವೇಢೆಯ ಸುತ್ತಿನ ಹೊಲಗಳಿಂದ ಬರುತ್ತವೆ. ದಂಡಿಗೆ ಬೇಕಾದ ತೂನ್ ಮರ ಬರುವುದು ಕರ್ನಾಟಕದ ಕಾಡುಗಳಿಂದ. ಬಲಿತು ಒಣಗಿದ ಬುರುಡೆಯನ್ನು ನೀರಲ್ಲಿ ನೆನೆಹಾಕಿ, ಬಾಯಿ ಕೊಯ್ದು, ಬೀಜ ತಿರುಳುಗಳನ್ನು ತೆಗೆಯುತ್ತಾರೆ. ಒಳಗೆ ಕಡ್ಡಿಗಳನ್ನು ಅಡ್ಡಗೊಟ್ಟು ಹಿಗ್ಗಿಸಿ, ಬೇಕಾದ ಆಕಾರಕ್ಕೆ ತಂದು ಮತ್ತೆ ಒಣಗಿಸುತ್ತಾರೆ. ಅದಕ್ಕೆ ದಂಡಿಯನ್ನು ಅಂಟಿಸಿ, ಬಾಯಿಗೆ ತಬಲಿಯೆಂಬ ತೆಳು ಹಲಗೆಯನ್ನು ಮುಚ್ಚಿ, ಸಂದುಗಳನ್ನು ತುಂಬಿ, ಎಲೆಬಳ್ಳಿ ಕೆತ್ತಿ, ಅರಗಿನ ಪಾಲಿಶ್ ಕೊಟ್ಟು, ಬಿರಡೆ ತಿರುವಿ, ತಂತಿ ಏರಿಸಿದರೆ ಹೊರಗಿನ ಕೆಲಸ ಮುಗಿಯಿತು. ಸ್ವರದ ಕೆಲಸ ಅಲ್ಲಿಂದ ಮುಂದೆ.

ಈ ಕೆಲಸಗಾರರ ಪೂರ್ವಜರು ಶಿಕಲಗಾರರು, ಎಂದರೆ ಕತ್ತಿ ಭರ್ಚಿಗಳನ್ನು ಮಾಡಿ ಮಸೆಯುತ್ತಿದ್ದವರು. ಇಂಗ್ಲಿಷರ ಆಳಿಕೆಯಲ್ಲಿ ಕತ್ತಿಗೆ ಕೆಲಸವಿಲ್ಲದಾಯಿತು. ಹತ್ತೊಂಬತ್ತನೆಯ ಶತಮಾನದ ನಡುವಿನಲ್ಲಿ ಫರೀದಸಾಹೇಬರೆಂಬವರು ವಾದ್ಯಗಳ ದುರಸ್ತಿಗೆ ಕೈಹಾಕಿ, ಮುಂದೆ ತಾವೇ ಹೊಸ ವಾದ್ಯಗಳನ್ನು ಮಾಡಿದರು. ಮಿರಜಿನ ಪಟವರ್ಧನ ಸಂಸ್ಥಾನಿಕರ ಆಶ್ರಯವೂ ದೊರೆಯಿತು. ಇಟಲಿಯಲ್ಲಿ ಪೋ ನದಿಯ ದಂಡೆಗೆ ಕ್ರೆಮೋನಾ ಎಂಬ ಊರಿದೆ. ಹದಿನಾರನೆಯ ಶತಮಾನದಿಂದ ಅಲ್ಲಿ ಪಿಟೀಲು ಮಾಡುತ್ತಾರೆ. ಆ ಕೌಶಲ್ಯವನ್ನು 2012ರಲ್ಲಿ ಯುನೆಸ್ಕೊ ಮಾನವಕುಲದ ಪರಂಪರೆಯ ಪಟ್ಟಿಗೆ ಸೇರಿಸಿತು. ಮಿರಜಿನ ಸಿತಾರ ತಂಬೂರಿಗಳಿಗೂ 2024ರಲ್ಲಿ ಭೌಗೋಳಿಕ ಸೂಚಕದ ಮಾನ್ಯತೆ ದೊರೆಯಿತು. ಭೇದ ಒಂದೇ: 1737ರಲ್ಲಿ ತೀರಿಕೊಂಡ ಸ್ಟ್ರಾಡಿವರಿಯ ಪಿಟೀಲುಗಳ ಒಳಗೆ ಅವನ ಹೆಸರಿನ ಚೀಟಿ ಇರುತ್ತದೆ. ನಮ್ಮ ತಂದೆಯವರ ತಂಬೂರಿಯ ಮೇಲೆ ಮಾಡಿದವನ ಹೆಸರಿಲ್ಲ.

ಒಂದು ಅಂಗಡಿಯಲ್ಲಿ ವಯಸ್ಸಾದ ಚಾಚಾ ಒಬ್ಬರು ಕುದುರೆಯನ್ನು ಉಜ್ಜುತ್ತ ಕುಳಿತಿದ್ದರು. ತಂತಿಗಳು ಹಾಯುವ ಆ ಚಿಕ್ಕ ಪೀಠಕ್ಕೆ ನಾವು ಕುದುರೆ ಎನ್ನುತ್ತೇವೆ, ಅವರು ಘೋಡಿ ಎನ್ನುತ್ತಾರೆ. ಹಿಂದೆ ಇದನ್ನು ದಂತದಿಂದಲೂ ಜಿಂಕೆಯ ಕೋಡಿನಿಂದಲೂ ಮಾಡುತ್ತಿದ್ದರಂತೆ. ವನ್ಯಜೀವಿಗಳ ಕಾಯದೆ ಬಂದ ಮೇಲೆ ಎಲುಬು, ಕರಿಮರ ಬಳಕೆಗೆ ಬಂದಿವೆ. ಕೌದಿ ಬಿಚ್ಚಿದೆ. ಅವರು ತಂಬೂರಿಯನ್ನು ಮಗುವನ್ನು ಎತ್ತಿಕೊಂಡಂತೆ ಎತ್ತಿಕೊಂಡು, ಬೆರಳ ಗೆಣ್ಣಿನಿಂದ ಬುರುಡೆಯನ್ನು ತಟ್ಟಿ ಕೇಳಿ, ಕನ್ನಡದಲ್ಲಿಯೇ ಮಾತಾಡಿದರು:

“ಮಾಸ್ತರ, ಈ ಬುರುಡಿಗೆ ಬಣ್ಣಾ ಬಳದವರ್‍ಯಾರ್ರಿ?”

ಬಳಿದವನು ನಾನೇ. ಬಹಳ ವರ್ಷಗಳ ಹಿಂದೆ ಶಾಲೆಯ ಸ್ನೇಹಸಮ್ಮೇಳನದಲ್ಲಿ ವೇದಿಕೆಯ ಮೇಲೆ ಶೋಭಿಸಲಿ ಎಂದು ಬಾಗಿಲಿಗೆ ತಂದ ಎಣ್ಣೆಬಣ್ಣದಲ್ಲಿ ಉಳಿದುದನ್ನು ಬುರುಡೆಗೂ ತಬಲಿಗೂ ಎರಡು ಕೈ ಬಳಿದಿದ್ದೆ. ಶಿಕ್ಷಕರ ತರಬೇತಿಯಲ್ಲಿ ವಸ್ತುಪಾಠವನ್ನು ಕಲಿತವನ ಪಾಂಡಿತ್ಯವದು! ಒಪ್ಪಿಕೊಂಡೆ. ಚಾಚಾ ನಗಲೂ ಇಲ್ಲ, ಬೈಯಲೂ ಇಲ್ಲ. “ಅರಗಿನ ಪಾಲಿಶ್ ತೆಳ್ಳಗ ಇರತೈತಿ. ಈ ಬಣ್ಣಾ ದಪ್ಪ ಕೂತು ತಬಲಿಯ ಉಸಿರು ಕಟ್ಟತೈತಿ” ಎಂದಷ್ಟೇ ಹೇಳಿದರು.

ಆಮೇಲೆ ಅವರು ತಮ್ಮ ಒಂದು ತಂಬೂರಿಯನ್ನು ಇಳಿಸಿ ಮೀಟಿದರು. ಪಂಚಮ, ಎರಡು ಷಡ್ಜ, ಕಡೆಗೆ ಹಿತ್ತಾಳೆ ತಂತಿಯ ಮಂದ್ರ ಷಡ್ಜ. ಸ್ವರ ಕೂಡಿತ್ತು, ಆದರೆ ಒಣಗಿತ್ತು. ತಂತಿಗೂ ಕುದುರೆಗೂ ನಡುವೆ ಒಂದೆಳೆ ದಾರವನ್ನು ತೂರಿಸಿ ಕೂದಲೆಳೆಯಷ್ಟು ಸರಿಸಿದರು. ಒಮ್ಮೆಲೇ ಆ ತಂತಿಯೊಳಗಿಂದ ಹಲವು ಸ್ವರಗಳು ಎದ್ದು ಅಂಗಡಿಯ ತುಂಬ ಸುಳಿದವು. ಇದಕ್ಕೆ ಜವಾರಿ ಎನ್ನುತ್ತಾರೆ. ಕುದುರೆಯ ಬೆನ್ನಿನ ಇಳಿಜಾರು ಸರಿಯಾಗಿದ್ದರೆ ತಂತಿ ಅದನ್ನು ಮುಟ್ಟಿಯೂ ಮುಟ್ಟದಂತೆ ನಡುಗಿ ಈ ನಾದ ಹುಟ್ಟುತ್ತದೆ. ನಾವು ಊರಿನ ಬೀಜಕ್ಕೆ, ಊರಿನ ಕೋಳಿಗೆ ಜವಾರಿ ಎನ್ನುತ್ತೇವೆ. ಈ ಎರಡು ಜವಾರಿಗಳಿಗೆ ಸಂಬಂಧವಿದೆಯೋ ಇಲ್ಲವೋ, ಹೊಸ ಮಾಲು ಬಂದ ಮೇಲೆ ಎರಡೂ ದುರ್ಲಭವಾಗಿರುವುದಂತೂ ನಿಜ. 1979ರಲ್ಲಿ ಬೆಂಗಳೂರಿನ ಎಂಜಿನಿಯರರೊಬ್ಬರು ವಿದ್ಯುತ್ ತಂಬೂರಿಯನ್ನು ರೂಪಿಸಿದರು. ಈಗ ಅದು ಮೊಬೈಲಿನೊಳಗೂ ಬಂದು ಕುಳಿತಿದೆ. ನಮ್ಮ ಶಾಲೆಯ ಪ್ರಾರ್ಥನೆಗೂ ಅದೇ ಒಂದು ಪೆಟ್ಟಿಗೆ. ಕರೆಂಟು ಹೋದ ದಿನ ಪ್ರಾರ್ಥನೆಗೆ ಶ್ರುತಿಯಿಲ್ಲ.

ಇಲ್ಲಿ ನನ್ನ ಮನಸ್ಸಿನಲ್ಲಿದ್ದುದನ್ನು ಹೇಳಬೇಕು. ನಮ್ಮ ಶಾಲೆಯ ಏಳನೆಯ ಇಯತ್ತೆಯಲ್ಲಿ ಒಬ್ಬ ಹುಡುಗಿ ಇದ್ದಾಳೆ. ಕಬ್ಬು ಕಡಿಯಲು ಹೋಗುವವರ ಮಗಳು. ಪೆಟ್ಟಿಗೆ ನಿಂತರೂ ಅವಳ ಸ್ವರ ಸರಿಯುವುದಿಲ್ಲ. ತಂದೆಯವರ ತಂಬೂರಿಯನ್ನು ಸರಿಪಡಿಸಿ ಅವಳ ಕೈಗೆ ಕೊಡುವೆನೆಂದು ಮಾತು ಕೊಟ್ಟಿದ್ದೆ. ಇದನ್ನು ಕೇಳಿ ಚಾಚಾ ತಲೆಯಲ್ಲಾಡಿಸಿದರು. ಇದು ಗಂಡಸರ ಧ್ವನಿಯ ತಂಬೂರಿ. ಇದರ ಷಡ್ಜ ಕಾಳಿ ಒಂದರ ಸುತ್ತಮುತ್ತ. ಹುಡುಗಿಯ ಧ್ವನಿ ಕಾಳಿ ನಾಲ್ಕೋ ಐದೋ ಇರುತ್ತದೆ. ಇಷ್ಟು ಉದ್ದದ ತಂತಿಯನ್ನು ಅಲ್ಲಿಯವರೆಗೆ ಎಳೆದರೆ ತಂತಿ ಹರಿಯುತ್ತದೆ, ಹಳೆಯ ಬುರುಡೆ ಇನ್ನಷ್ಟು ಬಿಡುತ್ತದೆ. “ಕೂಸಿಗೆ ಸಣ್ಣ ತಂಬೂರಿ ಬೇಕ್ರಿ. ಇದರ ಕೂಡ ಹಾಡಿದರ ಅದರ ಗಂಟಲ ಕೆಡತೈತಿ.”

ನನ್ನ ಕಿಸೆಯಲ್ಲಿದ್ದುದು ಒಂದು ಕೆಲಸಕ್ಕೆ ಸಾಲುವಷ್ಟು ಹಣ. ಸ್ವಲ್ಪ ತಿರುಗಾಡಿ ಬರುತ್ತೇನೆಂದು ಹೇಳಿ ಮೀರಾಸಾಹೇಬರ ದರ್ಗಾಕ್ಕೆ ಹೋದೆ. ಅಲ್ಲಿ ಖಾನಸಾಹೇಬ ಅಬ್ದುಲ್ ಕರೀಂ ಖಾನರ ಸಮಾಧಿಯಿದೆ. ಉತ್ತರದ ಕಿರಾಣಾದಲ್ಲಿ ಹುಟ್ಟಿ, ಮಿರಜಿನಲ್ಲಿ ಮನೆ ಮಾಡಿ, 1937ರಲ್ಲಿ ಪಾಂಡಿಚೇರಿಯ ಹಾದಿಯಲ್ಲಿ ಸಿಂಗಪೆರುಮಾಳ್‌ಕೋಯಿಲ್ ಎಂಬ ರೈಲು ನಿಲ್ದಾಣದಲ್ಲಿ ಪ್ರಾಣಬಿಟ್ಟವರು. ಅವರ ಶಿಷ್ಯರೇ ಕುಂದಗೋಳದ ಸವಾಯಿ ಗಂಧರ್ವರು. ಗಂಗೂಬಾಯಿ ಹಾನಗಲ್ಲರೂ ಭೀಮಸೇನ ಜೋಶಿಯವರೂ ಸವಾಯಿ ಗಂಧರ್ವರಲ್ಲಿ ಕಲಿತವರು. ನಾಟಕದ ಕಂಪನಿಯಲ್ಲಿದ್ದ ಮಲ್ಲಿಕಾರ್ಜುನ ಮನ್ಸೂರರನ್ನು ಬಾಲ್ಯದಲ್ಲಿ ನೀಲಕಂಠಬುವಾ ಅವರಲ್ಲಿ ಬಿಟ್ಟದ್ದೂ ಇದೇ ಮಿರಜಿನಲ್ಲಿ. ನಮ್ಮ ಕಡೆಯ ಸಂಗೀತಕ್ಕೆ ಈ ಊರು ಎಷ್ಟು ಕೊಟ್ಟಿದೆಯೆಂಬುದನ್ನು ನೆನೆಯುತ್ತ ಒಂದು ಗಳಿಗೆ ಕುಳಿತೆ. ತಂದೆಯವರು ದೊಡ್ಡ ಗವಾಯಿಗಳೇನಲ್ಲ. ಏಕಾದಶಿಗೆ ದಾಸರ ಪದ, ಶ್ರಾವಣದಲ್ಲಿ ತತ್ವಪದ, ಅಷ್ಟೇ. ಆದರೂ ಅವರ ತಂಬೂರಿಯನ್ನು ಬಿಟ್ಟು ಬೇರೊಂದಕ್ಕೆ ಹಣ ತೆರುವುದೆಂದರೆ ಏನೋ ಅಪರಾಧವೆನಿಸಿತು.

ತಿರುಗಿ ಹೋಗಿ, ಹುಡುಗಿಗೆ ಒಂದು ಸಣ್ಣ ತಂಬೂರಿ ಮಾಡಲು ಹೇಳಿ ಮುಂಗಡ ಕೊಟ್ಟೆ. ತಂದೆಯವರ ತಂಬೂರಿಯ ಸೀಳು ಮುಂದೆ ಹರಿಯದಂತೆ ಚಾಚಾ ಅಂಟು ಹಾಕಿ ಬಟ್ಟೆಯ ಪಟ್ಟಿ ಬಿಗಿದರು. ಅದಕ್ಕೆ ಏನೂ ತೆಗೆದುಕೊಳ್ಳಲಿಲ್ಲ. “ಮಳಿಗಾಲ ಮುಗೀಲಿ, ತರ್ರಿ. ಬಣ್ಣಾ ಕೆರಸೋಣು” ಎಂದರು. ಮತ್ತೆ ಕೌದಿ ಸುತ್ತಿಕೊಂಡು ಬಸ್ಸು ಹತ್ತಿದೆ.

ಹರಿಪುರ ಮುಟ್ಟಿದಾಗ ದೀಪ ಹಚ್ಚುವ ಹೊತ್ತು. ಅಕ್ಕ ಕಟ್ಟೆಯ ಮೇಲೆ ಕಾಯುತ್ತಿದ್ದಳು. ನಡೆದುದನ್ನೆಲ್ಲ ಹೇಳಿದೆ. ಬೇಸರಪಟ್ಟುಕೊಳ್ಳುವಳೆಂದು ಅಂಜಿದ್ದೆ, ಏಕೆಂದರೆ ತಂದೆಯವರ ಪದಗಳೆಲ್ಲ ಬಾಯಿಗೆ ಬರುವುದು ನಮ್ಮ ಮನೆಯಲ್ಲಿ ಅವಳೊಬ್ಬಳಿಗೇ. ಅವಳು ಕೌದಿ ಬಿಚ್ಚಿ, ತಂಬೂರಿಯನ್ನು ತೊಡೆಯ ಮೇಲೆ ನಿಲ್ಲಿಸಿಕೊಂಡು, ಉಳಿದಿದ್ದ ಮೂರು ತಂತಿಗಳನ್ನು ಮೆಲ್ಲಗೆ ಮೀಟಿದಳು. ಸೀಳಿದ ಬುರುಡೆ ಗರಗರ ಎಂದಿತು.

“ಕಾಳಿ ಒಂದು ಅಂದರೇನೋ ತಮ್ಮಾ?” ಎಂದು ಕೇಳಿದಳು. ತಿಳಿದಷ್ಟನ್ನು ವಿವರಿಸಿದೆ. ಹಾರ್ಮೋನಿಯಂನ ಯಾವ ಕರಿ ಮನೆ, ಗಂಡಸರದೆಷ್ಟು, ಹೆಂಗಸರದೆಷ್ಟು ಎಂದು. ಅವಳು ಬಹಳ ಹೊತ್ತು ಸುಮ್ಮನಿದ್ದಳು.

“ಅಪ್ಪಾ ನನ್ನ ಕೂಡ್ರಿಸಿಕೊಂಡು ಹಾಡಸತಿದ್ದಾ. ತೆಳಗಿನ ಸ್ವರ ನನಗ ಸಿಗತಿದ್ದಿಲ್ಲ. ನಿನಗ ಧ್ವನಿ ಇಲ್ಲ ಬಿಡವಾ ಅಂತಿದ್ದಾ” ಎಂದಳು. “ಇಷ್ಟು ವರ್ಷ ನಾನೂ ಹಂಗ ಅಂತ ತಿಳಕೊಂಡಿದ್ದೆ.”

ಮರುದಿನ ಬೆಳಿಗ್ಗೆ ನಾನು ಊರಿಗೆ ಹೊರಟಾಗ ತಂಬೂರಿ ಅವಳ ಕೋಣೆಯ ಗೂಟಕ್ಕೆ ನೇತಾಡುತ್ತಿತ್ತು. ಮಳೆಗಾಲ ಮುಗಿದ ಮೇಲೆ ತಾನೇ ಮಿರಜಿಗೆ ಒಯ್ಯುವುದಾಗಿಯೂ, ಸಣ್ಣ ತಂಬೂರಿ ಎಷ್ಟಾಗುತ್ತದೆಂದು ಚಾಚಾನನ್ನು ಕೇಳುವುದಾಗಿಯೂ ಹೇಳಿದಳು. ಯಾರಿಗೆಂದು ನಾನು ಕೇಳಲಿಲ್ಲ.