ಇಂದ್ರಗಿರಿಯ ಅಣ್ಣತಮ್ಮಂದಿರು

ಚನ್ನರಾಯಪಟ್ಟಣವನ್ನು ದಾಟಿ ಕೆಲವು ಮೈಲಿ ಸಾಗುವಷ್ಟರಲ್ಲೇ ಶ್ರವಣಬೆಳಗೊಳದ ಗೊಮ್ಮಟನ ತಲೆ ಬೆಟ್ಟದ ಮೇಲೆ ಕಾಣಿಸುತ್ತದೆ. ಪುಣೆಯಿಂದ ಹೊರಟ ನಾವು ಮಕ್ಕಳು ಮುದುಕರೆಲ್ಲ ಸೇರಿ ಹನ್ನೆರಡು ಮಂದಿ. ಬಿಸಿಲೇರುವ ಮೊದಲೇ ಪಾದರಕ್ಷೆಗಳನ್ನು ಕೆಳಗೆ ಬಿಟ್ಟು, ಬಂಡೆಯಲ್ಲಿ ಕಡಿದ ಆರುನೂರಕ್ಕೂ ಮಿಕ್ಕ ಮೆಟ್ಟಿಲುಗಳನ್ನು ಹತ್ತತೊಡಗಿದೆವು.

ಮಕ್ಕಳಿಗೆ ದಣಿವು ತಿಳಿಯದಿರಲೆಂದು ಕಥೆ ಹೇಳಿದೆವು. ಭರತನೂ ಬಾಹುಬಲಿಯೂ ಆದಿನಾಥನ ಮಕ್ಕಳು. ಚಕ್ರವರ್ತಿಯಾದ ಅಣ್ಣನಿಗೆ ತಮ್ಮ ತಲೆಬಾಗಲೊಲ್ಲ. ಸೈನ್ಯಗಳು ಸಾಯುವುದೇಕೆಂದು ಇಬ್ಬರೇ ಸೆಣಸಿದರು. ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧ ಮೂರರಲ್ಲಿಯೂ ತಮ್ಮನೇ ಗೆದ್ದ. ಅವಮಾನದಿಂದ ಕುದಿದ ಭರತ ತಮ್ಮನ ಮೇಲೆ ಚಕ್ರವನ್ನೇ ಬಿಟ್ಟ. ಅದು ಬಾಹುಬಲಿಯನ್ನು ಸುತ್ತಿಬಂದು ನಿಂತಿತು. ಆಗ ಸೇಡು ತೀರಿಸಿಕೊಳ್ಳುವುದು ತಮ್ಮನ ಕೈಯಲ್ಲಿತ್ತು. ಅವನು ಗೆದ್ದ ರಾಜ್ಯವನ್ನು ಅಣ್ಣನಿಗೇ ಬಿಟ್ಟು ತಪಸ್ಸಿಗೆ ನಡೆದ.

ಮೇಲೇರುತ್ತಾ ಅಖಂಡ ಬಾಗಿಲು ಸಿಗುತ್ತದೆ. ಅದರ ಇಕ್ಕೆಲದ ಪುಟ್ಟ ಗುಡಿಗಳಲ್ಲಿ ಒಂದರಲ್ಲಿ ಬಾಹುಬಲಿ, ಇನ್ನೊಂದರಲ್ಲಿ ಭರತ. ನಮ್ಮೊಡನಿದ್ದ ಹಿರಿಯರೊಬ್ಬರು ಊರಿನ ತೆಂಗಿನ ತೋಟದ ಪಾಲಿಗಾಗಿ ತಮ್ಮನೊಡನೆ ವರ್ಷಗಟ್ಟಲೆ ಕೋರ್ಟು ಅಲೆದವರು. ಅವರು ಅಲ್ಲಿಯೇ ನಿಂತು, “ಬಿಟ್ಟುಕೊಟ್ಟವನಿಗೆ ಗುಡಿ ಸರಿಯಪ್ಪಾ, ಚಕ್ರ ಎಸೆದವನಿಗೂ ಏಕೆ?” ಎಂದರು.

ಕಥೆಯ ಉಳಿದರ್ಧದಲ್ಲಿ ಅದಕ್ಕೆ ಉತ್ತರವಿದೆ. ಬಾಹುಬಲಿ ವರ್ಷವಿಡೀ ನಿಂತ. ಹುತ್ತ ಬೆಳೆಯಿತು, ಬಳ್ಳಿ ತೊಡೆ ತೋಳುಗಳನ್ನು ಹಬ್ಬಿತು. ಆದರೂ ಜ್ಞಾನ ಕೈಗೂಡಲಿಲ್ಲ. ‘ನಿಂತಿರುವುದು ಅಣ್ಣನ ನೆಲದಲ್ಲಿ’ ಎಂಬ ಮುಳ್ಳೊಂದು ಮನಸ್ಸಿನಲ್ಲಿ ಉಳಿದಿತ್ತು. ಭರತನೇ ಬಂದು ತಮ್ಮನಿಗೆ ಕೈಮುಗಿದಾಗ ಆ ಮುಳ್ಳು ಕಳಚಿತು. ಗೆದ್ದವನ ಕ್ಷಮೆ ಅರ್ಧ. ಸೋತವನು ನಡೆದು ಬಂದದ್ದು ಇನ್ನರ್ಧ. ಹಿರಿಯರು ಏನೂ ಆಡಲಿಲ್ಲ. ಭರತನ ಮುಂದೆ ಹೆಚ್ಚು ಹೊತ್ತು ನಿಂತರು.

ಶಿಖರದಲ್ಲಿ ಸುಮಾರು 58 ಅಡಿಯ ಏಕಶಿಲೆಯ ಮೂರ್ತಿ. ಗಂಗರ ಮಂತ್ರಿ ಚಾವುಂಡರಾಯ ಹತ್ತನೆಯ ಶತಮಾನದ ಕೊನೆಯಲ್ಲಿ ಮಾಡಿಸಿದ್ದು. ಅವನ ಹೆಸರು ಪಾದದ ಬಳಿ ಕನ್ನಡ, ತಮಿಳು, ಮರಾಠಿ ಮೂರು ನುಡಿಗಳಲ್ಲಿಯೂ ಇದೆ. ಮಹಾರಾಷ್ಟ್ರದಲ್ಲಿ ಬಾಳುವ ನಮಗೆ ಅದನ್ನು ಕಂಡು ಹಿಗ್ಗಾಯಿತು. ಗೊಮ್ಮಟನ ಕೈಯಲ್ಲಿ ಆಯುಧವಿಲ್ಲ, ಮುಖದಲ್ಲಿ ಗೆಲುವಿನ ಬೀಗುವಿಕೆಯೂ ಇಲ್ಲ.

ಹೋಗುವ ಓದುಗರಿಗೆ ನಮ್ಮದೊಂದು ಬಿನ್ನಹ: ಎಲ್ಲರೂ ಶಿಖರದ ಆತುರದಲ್ಲಿ ಅಖಂಡ ಬಾಗಿಲನ್ನು ದಾಟಿಬಿಡುತ್ತಾರೆ. ನೀವು ಅಲ್ಲಿ ತುಸು ನಿಲ್ಲಿ. ಆ ಇಬ್ಬರನ್ನೂ ನೋಡಿಕೊಂಡೇ ಮೇಲೆ ಹತ್ತಿ.