ಭೂಪಟಗಳ ಸಹವಾಸ

ಭೂಪಟವೊಂದನ್ನು ಮೇಜಿನ ಮೇಲೆ ಹರಡಿಕೊಂಡು, ನದಿಯ ನೀಲಿ ಗೆರೆಯನ್ನು ಅದರ ಉಗಮದವರೆಗೂ ಬೆರಳಿನಿಂದ ಅನುಸರಿಸುತ್ತ ಕುಳಿತಾಗ ನನಗುಂಟಾಗುವ ಆನಂದವು ಪ್ರವಾಸದ ಆನಂದಕ್ಕಿಂತ ಕಡಮೆಯದಲ್ಲ. ಸರ್ವೆ ಇಲಾಖೆಯ ಹಾಳೆಗಳಲ್ಲಿ ಪಶ್ಚಿಮ ಘಟ್ಟದ ಸೀಮೆಯನ್ನು ನೋಡಬೇಕು: ಬಯಲಿನಲ್ಲಿ ದೂರದೂರವಾಗಿ ಸಾಗುವ ಕಂದು ಬಣ್ಣದ ಸಮೋನ್ನತ ರೇಖೆಗಳು ಕಡಿದಾದ ಇಳುಕಲು ಬಂದೊಡನೆ ಒತ್ತೊತ್ತಾಗಿ ನೆರೆದು, ಹಳ್ಳವು ಕೊರೆದಲ್ಲೆಲ್ಲ ಏರಿನ ಕಡೆಗೆ ಮೊನಚಾಗಿ ಬಾಗುತ್ತವೆ. ಆ ಬಾಗನ್ನು ಓದಬಲ್ಲವನಿಗೆ ಕಾಗದದ ಮೇಲೆಯೇ ಕಣಿವೆಯ ಆಳ ಕಾಣುತ್ತದೆ.

ಹಳೆಯ ಪಟಗಳಾದರೋ ಭೂಮಿಯೊಡನೆ ತಮ್ಮನ್ನು ಬರೆಸಿದವರ ಮನಸ್ಸನ್ನೂ ತೋರುತ್ತವೆ. ಸಿಸಿಲಿಯ ಅರಸು ರೋಜರನ ಆಶ್ರಯದಲ್ಲಿ ಅಲ್ ಇದ್ರಿಸಿಯು 1154ರಲ್ಲಿ ಪೂರೈಸಿದ ಪಟದಲ್ಲಿ ದಕ್ಷಿಣ ದಿಕ್ಕು ಮೇಲಿದೆ. ಅದನ್ನು ಕಂಡ ಮೇಲೆಯೇ, ಉತ್ತರವನ್ನು ಮೇಲಿಡುವುದು ಪ್ರಕೃತಿಯ ನಿಯಮವಲ್ಲ, ರೂಢಿ ಮಾತ್ರವೆಂಬುದು ನನಗೆ ಮನದಟ್ಟಾಯಿತು. 1569ರಲ್ಲಿ ಮರ್ಕೇಟರನು ರಚಿಸಿದ ಪಟವು, ದಿಕ್ಸೂಚಿಯ ಒಂದೇ ಕೋನವನ್ನು ಹಿಡಿದು ಸಾಗುವ ಹಡಗಿನ ಮಾರ್ಗವನ್ನು ಸರಳರೇಖೆಯಾಗಿಸಿ ನಾವಿಕರಿಗೆ ಮಹೋಪಕಾರ ಮಾಡಿತು. ಆದರೆ ಅದೇ ಪಟ ಪಾಠಶಾಲೆಯ ಗೋಡೆಯನ್ನೇರಿದಾಗ, ಗ್ರೀನ್‌ಲ್ಯಾಂಡಿನ ಸುಮಾರು ಹದಿನಾಲ್ಕರಷ್ಟು ವಿಸ್ತಾರವುಳ್ಳ ಆಫ್ರಿಕವು ಅದಕ್ಕೆ ಸಮನೆಂದು ತೋರುವಂತಾಯಿತು. ಒಂದು ಕಾರ್ಯಕ್ಕೆ ಸಲ್ಲುವ ಪಟವನ್ನು ಎಲ್ಲಕ್ಕೂ ಸಲ್ಲುವುದೆಂದು ಬಗೆದರೆ ದೃಷ್ಟಿಯೇ ವಕ್ರವಾಗುತ್ತದೆ.

ಇವರೆಲ್ಲರಲ್ಲಿ ನನಗೆ ಅತ್ಯಂತ ಪ್ರಿಯನಾದವನು ಕುಮಾವೂಂ ಪ್ರಾಂತದ ಉಪಾಧ್ಯಾಯ ನೈನ್ ಸಿಂಗ್ ರಾವತ್. ಪರಕೀಯರಿಗೆ ಬಾಗಿಲು ಮುಚ್ಚಿದ್ದ ಟಿಬೆಟ್ಟನ್ನು ಆಂಗ್ಲ ಸರಕಾರದ ಪರವಾಗಿ ಅಳೆಯಲು ವೇಷ ಮರೆಸಿಕೊಂಡು ಹೊರಟ ಆತನು, ಸಮಗಾತ್ರದ ಹೆಜ್ಜೆಗಳನ್ನಿಡುವುದನ್ನು ಅಭ್ಯಾಸ ಮಾಡಿಕೊಂಡು, ನೂರು ಹೆಜ್ಜೆಗೊಂದರಂತೆ ಜಪಮಣಿಯನ್ನು ಸರಿಸುತ್ತ, ನೂರೆಂಟರ ಬದಲು ನೂರೇ ಮಣಿಗಳಿದ್ದ ಆ ಮಾಲೆಯ ಒಂದು ಸುತ್ತು ಹತ್ತು ಸಾವಿರ ಹೆಜ್ಜೆಯಾಗುವಂತೆ ಎಣಿಸಿ, ಮಂತ್ರವಿರಬೇಕಾದ ಪ್ರಾರ್ಥನಾಚಕ್ರದೊಳಗೆ ಲೆಕ್ಕದ ಚೀಟಿಗಳನ್ನು ಅಡಗಿಸಿ, ಕುದಿವ ನೀರಿನ ಉಷ್ಣತೆಯಿಂದ ಸ್ಥಳದ ಎತ್ತರವನ್ನು ಗಣಿಸುತ್ತ, 1866ರ ಜನವರಿಯಲ್ಲಿ ಲ್ಹಾಸಾವನ್ನು ಸೇರಿದನು. ಹಿಮಾಲಯದಾಚೆಯ ಪಟವನ್ನು ನೋಡುವಾಗ ಆ ಪಾದಗಳ ಶ್ರಮವು ನನ್ನ ಕಣ್ಣಿಗೆ ಕಟ್ಟುತ್ತದೆ. ಆ ಶ್ರಮವನ್ನು ಬಯಸಿದ ಸಾಮ್ರಾಜ್ಯದ ಆಸೆಯೂ ಮರೆಯದೆ ನೆನಪಾಗುತ್ತದೆ.

ಪಟವನ್ನು ಪ್ರೀತಿಸುವುದೆಂದರೆ ಅದರ ಸೊಬಗಿಗೆ ಮಾರುಹೋಗುವುದಷ್ಟೇ ಅಲ್ಲ. ಯಾರು, ಯಾವ ಪ್ರಯೋಜನಕ್ಕಾಗಿ, ಎಲ್ಲಿ ನಿಂತು ಅಳೆದರೆಂದು ವಿಚಾರಿಸುವುದೂ ಹೌದು. ಹಾಗೆ ವಿಚಾರಿಸಿದಷ್ಟೂ ನನ್ನ ಪ್ರೀತಿ ಬೆಳೆದಿದೆ.